ಮೂಲೆ ಮುಚ್ಚದ ಕೌದಿ

ಕಳೆದ ವಾರ ಮಗಳ ಹಳೇ ಪುಸ್ತಕ ಹುಡುಕಲೆಂದು ಮಂಚದ ಕೆಳಗಿನ ಟ್ರಂಕು ಎಳೆದೆ. ಮುಚ್ಚಳ ತೆಗೆದ ಕೂಡಲೇ ಡಾಂಬರು ಗುಳಿಗೆಯ ಘಾಟು, ಅದರ ಹಿಂದೆಯೇ ತೊಳೆದು ತೊಳೆದು ಮೆತ್ತಗಾದ ಹತ್ತಿ ಸೀರೆಯ ವಾಸನೆ. ಎಲ್ಲಕ್ಕಿಂತ ಕೆಳಗೆ ಆ ಕೌದಿ ಇತ್ತು. ಕೂಸಿಗೆಂದು ಹೊಲಿದದ್ದು, ಈಗ ಹೊದಿಸಿದರೆ ಮಗಳ ಮೊಣಕಾಲಿಗೂ ಬಾರದು. ಮೂರು ಮೂಲೆ ಹೊಲಿದಿದೆ, ನಾಲ್ಕನೆಯದು ಬಾಯಿ ತೆರೆದುಕೊಂಡೇ ಇದೆ. ಅಲ್ಲಿ ಚುಚ್ಚಿಟ್ಟ ಸೂಜಿ ತುಕ್ಕು ಹಿಡಿದು ಬಟ್ಟೆಗೆ ಅಂಟಿಕೊಂಡಿದೆ... ಪುಸ್ತಕ ಸಿಗಲಿಲ್ಲ. ನಾನೂ ಮತ್ತೆ ಹುಡುಕಲಿಲ್ಲ.

ಅದನ್ನು ಹೊಲಿದವರನ್ನು ಓಣಿಯವರೆಲ್ಲ ಕಾಕು, ಎಂದರೆ ಚಿಕ್ಕಮ್ಮ, ಎನ್ನುತ್ತಿದ್ದರು. ಹಳೇ ಹುಬ್ಬಳ್ಳಿಯಲ್ಲಿ ನಮ್ಮ ಮನೆಗೂ ಅವರ ಮನೆಗೂ ಒಂದೇ ಗೋಡೆ. ಅವರು ಒಗ್ಗರಣೆ ಹಾಕಿದರೆ ನಾವು ಸೀನುತ್ತಿದ್ದೆವು. ಹಳೇ ಸೀರೆಗಳನ್ನು ಒಂದರ ಮೇಲೊಂದು ಹಾಸಿ ಕೌದಿ ಹೊಲಿಯುವುದು ಅವರ ಕೆಲಸ. ಮಶೀನು ಎಂದರೆ ಮೂಗು ಮುರಿಯುತ್ತಿದ್ದರು. ಹೆಬ್ಬೆರಳು, ತೋರುಬೆರಳ ನಡುವೆ ಸೂಜಿ ಹಿಡಿದರೆ ಏಳು ಪದರವನ್ನೂ ಒಂದೇ ಸಲಕ್ಕೆ ದಾಟಿಸುತ್ತಿದ್ದರು. ಅಕ್ಕಿಕಾಳಿನಷ್ಟು ಸಣ್ಣ ಹೊಲಿಗೆ, ಸಾಲು ಎಲ್ಲೂ ಸೊಟ್ಟಗಾಗುತ್ತಿರಲಿಲ್ಲ. ಕೊನೆಯ ಮೂಲೆ ಮುಚ್ಚುವ ಮುನ್ನ ಒಳಗೊಂದು ಚೂರು ಜೋಳದ ರೊಟ್ಟಿ ಇಡುವುದು ಅವರ ಪದ್ಧತಿ. ನಾನು ನಕ್ಕರೆ ಗದರುತ್ತಿದ್ದರು.

"ನಗಬ್ಯಾಡ. ಕೌದಿ ಹಸದಿರಬಾರದವಾ. ಅದರ ಹೊಟ್ಟಿ ತುಂಬಿದ್ರ ಹೊಚಗೊಂಡವರ ಹೊಟ್ಟಿನೂ ತುಂಬಿರತೈತಿ."

ನಾನಾಗ ಐದು ತಿಂಗಳ ಬಸುರಿ. ಒಂದು ಖಾಸಗಿ ಆಸ್ಪತ್ರೆಯ ವಿಮೆ ವಿಭಾಗದಲ್ಲಿ ಹೊಸದಾಗಿ ಕೆಲಸಕ್ಕೆ ಸೇರಿದ್ದೆ. ಮೆಡಿಕಲ್ ಕೋಡಿಂಗ್ ಎಂದರೆ ಓಣಿಯಲ್ಲಿ ಯಾರಿಗೂ ತಿಳಿಯುತ್ತಿರಲಿಲ್ಲ. ವೈದ್ಯರು ಬರೆದ ಕಾಯಿಲೆಯನ್ನು, ಗಾಯವನ್ನು ಓದಿ, ಅದಕ್ಕೆ ಹೊಂದುವ ಅಕ್ಷರ, ಅಂಕಿಗಳನ್ನು ಅರ್ಜಿಯಲ್ಲಿ ತುಂಬುವುದು. ವಿಮೆಯವರು ರೋಗಿಯನ್ನು ನೋಡುವುದಿಲ್ಲ, ಆ ಅಂಕಿಯನ್ನು ನೋಡುತ್ತಾರೆ. ತರಬೇತಿಯಲ್ಲಿ ನಾನೇ ಮೊದಲಿಗಳಾಗಿದ್ದೆ, ಆ ಸೊಕ್ಕು ಇನ್ನೂ ಇಳಿದಿರಲಿಲ್ಲ.

ಒಂದು ಬೆಳಿಗ್ಗೆ ಕಾಕು ನನ್ನ ಕೂಸಿನ ಕೌದಿಗೆ ದಾರ ತರಲು ಪೇಟೆಗೆ ಹೋಗಿದ್ದರು. ಮರಳಿ ಬಂದು ಆಟೋ ಇಳಿಯುವಾಗ ಸರಳು ಬಿಡುವ ಮೊದಲೇ ಆಟೋ ಮುಂದಕ್ಕೆ ಹೋಯಿತು. ಬಲಗೈ ಹೆಬ್ಬೆರಳು ಹೊರಕ್ಕೆ ತಿರುಚಿ ಊದಿಕೊಂಡಿತು. ನಾನೇ ನಮ್ಮ ಆಸ್ಪತ್ರೆಗೆ ಕರೆದೊಯ್ದೆ. ಕಾಕುನ ಮಗನ ಕಂಪನಿಯ ವಿಮೆಯಲ್ಲಿ ಅವರ ಹೆಸರಿತ್ತು. ಮೂಳೆ ವೈದ್ಯರು ನೋಡಿ, ಎರಡು ವಾರದೊಳಗೆ ಶಸ್ತ್ರಚಿಕಿತ್ಸೆ ಆಗಬೇಕೆಂದರು. ಕಾಗದದಲ್ಲಿ ಬರೆದದ್ದು ಹೀಗೆ: ಹೆಬ್ಬೆರಳ ಬುಡದ ಕೀಲು ಉಳುಕು, ಲಿಗಮೆಂಟ್ ಹರಿದಿರುವ ಶಂಕೆ. ಲಿಗಮೆಂಟ್ ಎಂದರೆ ಎಲುಬಿಗೆ ಎಲುಬನ್ನು ಬಿಗಿದಿಡುವ ಪಟ್ಟಿ. ಹೆಬ್ಬೆರಳಲ್ಲಿ ಅದು ಪೂರ್ತಿ ಹರಿದರೆ ಎರಡು ಬೆರಳಲ್ಲಿ ಚಿವುಟಿ ಹಿಡಿಯುವ ಶಕ್ತಿಯೇ ಹೋಗುತ್ತದೆ.

ಅರ್ಜಿ ನನ್ನ ಮೇಜಿಗೆ ಬಂತು. ಉಳುಕಿಗೆ ಒಂದು ಕೋಡ್, ಹರಿದದ್ದಕ್ಕೆ ಇನ್ನೊಂದು. ತರಬೇತಿಯಲ್ಲಿ ಗಿಳಿಪಾಠ ಮಾಡಿಸಿದ್ದರು: ಶಂಕೆ ಎಂದಿದ್ದರೆ ಅದನ್ನು ಕೋಡ್ ಮಾಡಬೇಡ, ವೈದ್ಯರನ್ನು ಕೇಳಿ ಖಚಿತ ಮಾಡಿಕೋ. ನಾನು ಆ ಪಾಠದ ಅರ್ಧ ಪಾಲಿಸಿದೆ. ಉಳುಕು ಎಂದು ತುಂಬಿ ಕಳಿಸಿದೆ. ವೈದ್ಯರು ಕೂರುತ್ತಿದ್ದದ್ದು ಸರಿಯಾಗಿ ನನ್ನ ತಲೆಯ ಮೇಲಿನ ಮಹಡಿಯಲ್ಲಿ. ಕೇಳಿದರೆ, ಇಷ್ಟೂ ಗೊತ್ತಿಲ್ಲವೇ ಎಂದುಕೊಂಡಾರು ಎಂಬ ಅಳುಕು. ಬಸುರಿ, ಮೆಟ್ಟಿಲು ಹತ್ತಲಾಗಲಿಲ್ಲ ಎಂದು ಆಮೇಲೆ ಎಷ್ಟೋ ಸಲ ನನಗೆ ನಾನೇ ಹೇಳಿಕೊಂಡಿದ್ದೇನೆ. ಆದರೆ ಅದೇ ಮಧ್ಯಾಹ್ನ ಗೆಳತಿಯ ಹುಟ್ಟುಹಬ್ಬದ ಕೇಕು ತಿನ್ನಲು ಅವರ ಬಾಗಿಲ ಮುಂದೆಯೇ ಹಾದು ಮೂರನೇ ಮಹಡಿಗೆ ಹೋಗಿದ್ದೆ.

ಎರಡು ದಿನಕ್ಕೆ ಉತ್ತರ ಬಂತು. ಉಳುಕಿಗೆ ಶಸ್ತ್ರಚಿಕಿತ್ಸೆ ಅಗತ್ಯವಿಲ್ಲ, ಅರ್ಜಿ ತಿರಸ್ಕೃತ. ನಾನು ಅದನ್ನು ಕಾಕುಗೆ ಓದಿ ಹೇಳಿದೆ. ಅವರು ಎದ್ದು ನನ್ನ ಕೆನ್ನೆ ಸವರಿ ಲಟಿಕೆ ಮುರಿದರು.

"ನೀ ಬರದ ಕಳಿಸಿದ್ದಕ್ಕ ಕೊಯ್ಯೂದ ತಪ್ಪಿತ ನೋಡವಾ! ಕತ್ರಿ ಅಂದ್ರ ನನ್ನ ಜೀವಾ ಹಾರತಿತ್ತು. ನಿನ್ನ ಕೈಗುಣ ಛಲೋ ಐತಿ."

ಓಣಿಗೆಲ್ಲ ಅದನ್ನೇ ಹೇಳಿಕೊಂಡು ತಿರುಗಿದರು. ಬೆರಳಿಗೆ ಎಣ್ಣೆ ಹಚ್ಚಿ ಅರಿವೆ ಸುತ್ತಿಕೊಂಡರು. ಬಾವು ಇಳಿಯಿತು, ಆದರೆ ತಿಂಗಳಾದರೂ ಸೂಜಿ ನಿಲ್ಲಲಿಲ್ಲ. ಹಿಡಿದ ಕೂಡಲೇ ಹೆಬ್ಬೆರಳು ಹೊರಕ್ಕೆ ವಾಲುತ್ತಿತ್ತು, ಸೂಜಿ ಮಡಿಲಿಗೆ ಬೀಳುತ್ತಿತ್ತು. ಅದನ್ನು ಕಣ್ಣಾರೆ ಕಂಡ ಮರುದಿನ ನಾನು ಮೆಟ್ಟಿಲು ಹತ್ತಿದೆ. ವೈದ್ಯರು ಬೈಯಲೂ ಇಲ್ಲ.

"ಪೇಶಂಟ್ ಬರಲಿಲ್ಲ, ಆಪರೇಶನ್ ಒಲ್ಲೆಂದಾರ ಅಂತ ತಿಳಕೊಂಡಿದ್ನಿ. ಹರದಿದ್ದು ನನಗ ಖಾತ್ರಿನ ಇತ್ತು, ಬರಿಯೂದ ಹಂಗ ಬರದಿದ್ನಿ. ನೀವು ಒಂದ ಮಾತ ಕೇಳಬೇಕಿತ್ತರಿ. ಈಗ ಆ ಪಟ್ಟಿ ಕುಗ್ಗಿ ಹೋಗಿರತೈತಿ, ಹೊಲದ್ರೂ ಕೂಡಂಗಿಲ್ಲ."

ಕಾಕುಗೆ ಇದನ್ನು ಹೇಳಬೇಕೆಂದು ಎಷ್ಟು ಸಲ ಅವರ ಹೊಸ್ತಿಲವರೆಗೆ ಹೋದೆನೋ... ಹೋದಾಗಲೆಲ್ಲ ಅವರೇ ಬಾಯಿ ತುಂಬ ನನ್ನನ್ನು ಹೊಗಳುತ್ತಿದ್ದರು, ನಾನು ಚಹಾ ಕುಡಿದು ಬರುತ್ತಿದ್ದೆ. ಬೈಗುಳವಾದರೆ ತಿಂದು ಅರಗಿಸಿಕೊಳ್ಳಬಹುದಿತ್ತು. ಆ ಹೊಗಳಿಕೆ ಇವತ್ತಿಗೂ ಗಂಟಲಲ್ಲೇ ಇದೆ. ಮಗಳು ಹುಟ್ಟಿದಳು. ಕೌದಿ ಬರಲಿಲ್ಲ. "ಮುಗಸ್ತೇನಿ ತಡಿ, ನನಗೇನ ಅವಸರ" ಎಂದು ನಗುತ್ತಿದ್ದರು. ಬೇರೆಯವರ ಕೌದಿಯನ್ನಂತೂ ಒಪ್ಪಿಕೊಳ್ಳುವುದನ್ನೇ ಬಿಟ್ಟರು. ಬಾಗಿಲಲ್ಲಿ ಸುಮ್ಮನೆ ಕೈ ಮಡಚಿ ಕೂತಿರುತ್ತಿದ್ದರು. ನಾವು ಊರಿನ ಇನ್ನೊಂದು ತುದಿಯ ಬೆಂಗೇರಿಗೆ ಮನೆ ಬದಲಿಸಿದೆವು. ನಿಜ ಹೇಳಬೇಕೆಂದರೆ, ಆ ಬಾಗಿಲು ದೂರವಾದದ್ದು ನನಗೆ ಸಮಾಧಾನವೇ ಆಯಿತು.

ಮಗಳಿಗೆ ನಾಲ್ಕು ತುಂಬಿದ ವರ್ಷ ಕಾಕು ತೀರಿಕೊಂಡರು. ದಿನಕರ್ಮ ಮುಗಿದ ಮೇಲೆ ಅವರ ಸೊಸೆ ಈ ಕೌದಿ ತಂದು ನನ್ನ ಕೈಗಿಟ್ಟಳು.

"ಅತ್ತಿ ದಿನಾ ಎರಡ ಮೂರ ಹೊಲಿಗಿ ಹಾಕತಿದ್ರರಿ ಅಕ್ಕಾರ. ಎಡಗೈಲೆ. ನಿಮಗ ಹೇಳಬ್ಯಾಡ ಅಂತಿದ್ರು, ಪಾಪ ಆ ಹುಡುಗಿ ನನ್ನ ಸಲುವಾಗಿ ಓಡ್ಯಾಡೈತಿ, ಬ್ಯಾಸರ ಮಾಡಿಕೊಂತೈತಿ ಅಂತ."

ಅವತ್ತೇ ಅದನ್ನು ಟ್ರಂಕಿನ ತಳಕ್ಕೆ ಹಾಕಿದ್ದೆ. ಮೊನ್ನೆಯೇ ಬೆಳಕಿನಲ್ಲಿ ಬಿಚ್ಚಿ ನೋಡಿದ್ದು. ಅರ್ಧದವರೆಗೆ ಅಕ್ಕಿಕಾಳಿನ ಹೊಲಿಗೆ. ಅಲ್ಲಿಂದ ಮುಂದೆ ಉದ್ದುದ್ದ, ಸೊಟ್ಟ ಹೊಲಿಗೆ, ಕೆಲವು ಕಡೆ ದಾರ ಕೆಳಗಿನ ಪದರ ಮುಟ್ಟಿಯೇ ಇಲ್ಲ. ಅಲ್ಲಲ್ಲಿ ಕಂದು ಬಣ್ಣದ ಸಣ್ಣ ಕಲೆಗಳು. ಎಡಗೈಗೆ ಸೂಜಿ ಚುಚ್ಚಿದ ರಕ್ತವಿರಬೇಕು. ಆಟೋ ಸರಳಿಗೆ ಬೆರಳು ತಿರುಚಿದ ದಿನ ಯಾವುದು ಎಂದು ಕೌದಿಯ ಮೇಲೆ ಬೆರಳಿಟ್ಟು ತೋರಿಸಬಹುದು.

ಈಗಲೂ ನನ್ನದು ಅದೇ ಕೆಲಸ, ಮನೆಯಲ್ಲೇ ಕೂತು ಹೊರದೇಶದ ರೋಗಿಗಳ ಕಾಗದ ಓದುತ್ತೇನೆ. ಅಲ್ಲಿಯ ಪಟ್ಟಿಯಲ್ಲಿ ಲಿಗಮೆಂಟ್ ಹರಿದದ್ದಕ್ಕೆ ತೋರುಬೆರಳು, ನಡುಬೆರಳು, ಉಂಗುರಬೆರಳು, ಕಿರುಬೆರಳು, ಎಲ್ಲಕ್ಕೂ ಬೇರೆ ಬೇರೆ ಕೋಡ್ ಇದೆ. ಹೆಬ್ಬೆರಳಿಗೆ ಮಾತ್ರ ಹೆಸರಿಲ್ಲ, ಅದು 'ಇತರ ಬೆರಳು'. ಅದು ಬಂದಾಗಲೆಲ್ಲ ಕೈ ನಿಂತುಬಿಡುತ್ತದೆ. ವೈದ್ಯರಿಗೆ ಪ್ರಶ್ನೆ ಬರೆಯದೆ ಮುಂದೆ ಕಳಿಸುವುದಿಲ್ಲ. "ಹೆಬ್ಬಟ್ಟ ಬಂದ್ರ ಮೇಡಮ್ಮಾರ ಫೈಲ್ ಮುಂದ ಹೋಗಂಗಿಲ್ಲ ಬಿಡ್ರಿ" ಎಂದು ಜೊತೆಯವರು ಫೋನಿನಲ್ಲಿ ಕಾಡಿಸುತ್ತಾರೆ. ನಾನೂ ನಗುತ್ತೇನೆ.

ಮೊನ್ನೆ ಮಧ್ಯಾಹ್ನ ಹೊಸ ಸೂಜಿಗೆ ದಾರ ಪೋಣಿಸಿ, ತೆರೆದ ಮೂಲೆಯೊಳಗೆ ರೊಟ್ಟಿ ಚೂರಿಟ್ಟು ಹೊಲಿಯಲು ಕೂತೆ. ಸೂಜಿ ಮೂರನೇ ಪದರಕ್ಕೇ ನಿಂತಿತು. ಹೆಬ್ಬೆರಳು ನೋಯುವವರೆಗೆ ಒತ್ತಿದೆ. ದಾಟಲಿಲ್ಲ.

"ಕಾಕು, ನಾ ಅವತ್ತ ಮ್ಯಾಲೆ ಹೋಗಿ ಕೇಳಲಿಲ್ಲರಿ," ಎಂದೆ. ಮನಸ್ಸಿನಲ್ಲಲ್ಲ, ಬಾಯಿಬಿಟ್ಟೇ.

ಹೊರಗಿನ ಕೋಣೆಯಿಂದ ಮಗಳು ಕೂಗಿದಳು, "ಯಾರ ಜೋಡಿ ಮಾತಾಡಾಕತ್ತಿ ಅವ್ವಾ?"

"ಯಾರೂ ಇಲ್ಲವಾ," ಎಂದೆ.