ಮಾದೇವಣ್ಣನ ನೂರಹನ್ನೆರಡನೇ ಪುಟ

ಯಾರು ಏನೇ ಹೇಳಿದರೂ ಮಾದೇವಣ್ಣ ಎರಡು ಪ್ರಶ್ನೆ ಕೇಳುತ್ತಿದ್ದರು: "ಎಲ್ ಬರ್ದದೆ? ಯಾವ್ ಪುಟ?" ಟೀ ಅಂಗಡಿಯಲ್ಲಿ ಯಾರೋ, ನಾಳೆಯಿಂದ ಮೈಸೂರು ರೈಲಿನ ಟೈಮು ಬದಲಾಗುತ್ತದಂತೆ ಎಂದರೆ ಸಾಕು, ಟೀಗೆ ಅದ್ದಿದ ಬನ್ನನ್ನು ಅಲ್ಲೇ ಹಿಡಿದುಕೊಂಡು "ಎಲ್ ಬರ್ದದೆ?" ಎನ್ನುವರು. ಉತ್ತರ ಬರುವಷ್ಟರಲ್ಲಿ ಬನ್ನು ಲೋಟದೊಳಕ್ಕೆ ಕಳಚಿ ಬಿದ್ದಿರುತ್ತಿತ್ತು. ಅಕ್ಕನ ಮಗಳನ್ನು ನೋಡಲು ಬಂದ ಗಂಡಿನ ಕಡೆಯವರು "ನಮ್ಮ ಹುಡುಗ ಬೀಡಿ ಸಿಗರೇಟು ಮುಟ್ಟಲ್ಲ" ಎಂದದ್ದಕ್ಕೂ ಅದೇ ಪ್ರಶ್ನೆ ಹಾಕಿ, ಹೆಂಡತಿ ಜಯಮ್ಮನಿಂದ ಒಂದು ವಾರ ಉಗಿಸಿಕೊಂಡಿದ್ದರು. "ಈವಪ್ಪನ್ನ ಸಾವಿನ್ ಮನೆಗೂ ಕರ್ಕೊಂಡೋಗಂಗಿಲ್ಲ, ಮದ್ವೆ ಮನೆಗೂ ಕರ್ಕೊಂಡೋಗಂಗಿಲ್ಲ ಕಣ್ರವ್ವ" ಎಂದು ಆಯಮ್ಮ ನನ್ನ ಹತ್ತಿರ ದೂರುತ್ತಿದ್ದರು.

ನಂಜನಗೂಡಿನ ಕೈಗಾರಿಕಾ ಪ್ರದೇಶದ ಕಾರ್ಖಾನೆಯೊಂದರಲ್ಲಿ ಮೂವತ್ತು ವರ್ಷ ಫಿಟ್ಟರ್ ಆಗಿದ್ದವರು ಅವರು. ಒಮ್ಮೆ ಅಲ್ಲಿಗೆ ಜಪಾನಿನಿಂದ ಯಂತ್ರಗಳು ಬಂದವು. ಅವನ್ನು ಕೂರಿಸಿಕೊಡಲು ಮೊರಿತಾ ಎಂಬ ಎಂಜಿನಿಯರು ಬಂದು ಎಂಟು ತಿಂಗಳು ಇದ್ದರು. ಊಟದ ಹೊತ್ತಿನಲ್ಲಿ ಮೊರಿತಾ ತಮ್ಮ ಊರ ಕಡೆಯ ದೇವರು ದೆವ್ವಗಳ ಕತೆ ಹೇಳುವುದು, ಮಾದೇವಣ್ಣ ಮುದ್ದೆಯನ್ನು ಅಗಿಯದೆ ನುಂಗುವುದು ಹೇಗೆಂದು ತೋರಿಸುವುದು. ಇಬ್ಬರದೂ ಅರೆಬರೆ ಇಂಗ್ಲಿಷು. ಹೊರಡುವಾಗ ಆತ ಜಪಾನಿನ ಜನಪದ ನಂಬಿಕೆಗಳ ಬಗ್ಗೆ ಎರಡು ದಪ್ಪ ಇಂಗ್ಲಿಷ್ ಪುಸ್ತಕ ಕೊಟ್ಟು ಹೋದರು. ರಿಟೈರಾದ ಮೇಲೆ ಮಾದೇವಣ್ಣ, ಯಾರು ಬೇಕಾದರೂ ಬರೆಯಬಹುದಾದ ಅಂತರ್ಜಾಲದ ಕನ್ನಡ ವಿಶ್ವಕೋಶವನ್ನು ಮಗಳ ಫೋನಿನಲ್ಲಿ ನೋಡಿದರು. ಜಪಾನಿನ ಪುರಾಣಕ್ಕೆ ಅಲ್ಲಿ ನಾಲ್ಕು ಸಾಲಿತ್ತು, ಅದರಲ್ಲೂ ಒಂದು ತಪ್ಪು. ಅವರೇ ಒಂದು ಲೇಖನ ಬರೆದು ಹಾಕಿ, ಮುಂದಿನದಕ್ಕೆ ಪುಸ್ತಕ ಹುಡುಕಿಕೊಂಡು ಟಿ. ನರಸೀಪುರದ ನಮ್ಮ ಕಾಲೇಜಿನ ಲೈಬ್ರರಿಗೆ ಬಂದರು. ನಾನು ಅಲ್ಲಿ ಲೈಬ್ರೇರಿಯನ್. "ಒಂದ್ ದೇಸದ್ ದೇವ್ರು ದಿಂಡ್ರೆಲ್ಲಾ ಸೇರಿ ನಾಕೇ ಸಾಲಾ ಮೇಡಮ್ಮೋರೆ?" ಎಂದು ನನ್ನನ್ನೇ ತಪ್ಪಿತಸ್ಥಳ ಹಾಗೆ ಕೇಳಿದರು.

ಹಾಗೆ ನಾನೂ ಸೇರಿಕೊಂಡೆ. ನಂಜನಗೂಡಿನ ಪಕ್ಕದ ಕಳಲೆಯ ಹಾಲಿನ ಡೇರಿಯ ಕಾರ್ಯದರ್ಶಿ ರಾಜಶೇಖರ ಮೂರನೆಯವನು. ಅವನಿಗೆ ಜಪಾನಿನ ಮೇಲೆ ಪ್ರೀತಿಯಿತ್ತೋ ಇಲ್ಲವೋ, ಡೇರಿಯಲ್ಲಿ ಕಂಪ್ಯೂಟರೂ ಇಂಟರ್‌ನೆಟ್ಟೂ ಇದ್ದವು. ಭಾನುವಾರ ಬೆಳಗಿನ ಹಾಲು ಅಳೆದು, ಕ್ಯಾನುಗಳು ಲಾರಿಗೆ ಹೋಗಿ, ನೆಲ ತೊಳೆದ ಮೇಲೆ ನಾವು ಮೂವರೂ ಕೂರುತ್ತಿದ್ದೆವು. ಗುಹೆಯೊಳಗೆ ಅಡಗಿ ಕುಳಿತು ಲೋಕಕ್ಕೇ ಕತ್ತಲೆ ಕವಿಸಿದ ಸೂರ್ಯದೇವತೆ, ವೇಷ ಬದಲಿಸುವ ನರಿ, ಹಿಮದಲ್ಲಿ ಬರುವ ಹೆಂಗಸು, ಇವರೆಲ್ಲ ಹುಳಿ ಹಾಲಿನ ವಾಸನೆಯ ನಡುವೆ ಕನ್ನಡಕ್ಕೆ ಬಂದರು.

ವಿಶ್ವಕೋಶದ ನಿಯಮ ಒಂದೇ. ಪ್ರತಿ ಮಾತಿಗೂ ಅಡಿಟಿಪ್ಪಣಿ ಇರಬೇಕು, ಅದರಲ್ಲಿ ಪುಸ್ತಕ ಯಾವುದು, ಪುಟ ಯಾವುದು ಎಂದಿರಬೇಕು. ಕಂಡದ್ದು, ಕೇಳಿದ್ದು, ಅನುಭವಿಸಿದ್ದು ನಡೆಯುವುದಿಲ್ಲ. ನೂರು ವರ್ಷ ತುಂಬಿದ ಕೊಡೆ, ಚಪ್ಪಲಿ, ಪಾತ್ರೆಗಳಿಗೆ ಜೀವ ಬರುತ್ತದೆ ಎಂಬ ಜಪಾನೀ ನಂಬಿಕೆಯ ಬಗ್ಗೆ ಬರೆದ ದಿನ ಮಾದೇವಣ್ಣನಿಗೆ ಹಿಗ್ಗೋ ಹಿಗ್ಗು. "ನಮ್ ಸ್ಪ್ಯಾನರ್‌ಗೆ ಆಯುಧಪೂಜೆ ದಿನ ಒಂದಿನ ಜೀವ ಬತ್ತದೆ. ಅವ್ರಲ್ಲಿ ನೂರ್ ವರ್ಸ ಕಾಯ್ಬೇಕು" ಎಂದರು. ಚೆನ್ನಾಗಿದೆ, ಇದನ್ನೂ ಸೇರಿಸೋಣ ಎಂದೆ. ಅವರ ಮುಖ ಗಂಟಾಯಿತು. "ಅದು ನನ್ ಮಾತು. ನನ್ ಮಾತ್ಗೆ ಪುಟ ಇಲ್ಲ ಕಣ್ರೀ" ಎಂದು ಮುಂದಿನ ಸಾಲಿಗೆ ಹೋದರು.

ಆರು ವರ್ಷಕ್ಕೆ ಅವರ ಹೆಸರಿನಲ್ಲಿ ನಲವತ್ತೊಂದು ಲೇಖನ ಆದವು. ಆಗ ಒಂದು ಸೋಮವಾರ ಬೆಳಿಗ್ಗೆ ಆ ನೋಟೀಸು ಬಂತು.

ಅವರ ಮೊಟ್ಟಮೊದಲ ಲೇಖನ 'ಕಪ್ಪಾ'ದ ಮೇಲೆ. ಕಪ್ಪಾ ಎಂದರೆ ಜಪಾನಿನ ಹೊಳೆಗಳಲ್ಲಿ ಇದ್ದುಕೊಂಡು ಮಕ್ಕಳನ್ನು ನೀರಿಗೆಳೆಯುವ ಜೀವಿ. ಅದಕ್ಕೆ ಸೌತೆಕಾಯಿ ಎಂದರೆ ಪ್ರಾಣ. ತಾಯಂದಿರು ತಮ್ಮ ಮಕ್ಕಳ ಹೆಸರನ್ನು ಸೌತೆಕಾಯಿಯ ಮೇಲೆ ಕೆತ್ತಿ ಹೊಳೆಗೆ ಬಿಟ್ಟರೆ ಅದು ಆ ಮಕ್ಕಳ ತಂಟೆಗೆ ಹೋಗುವುದಿಲ್ಲವಂತೆ. ಇಷ್ಟರ ಬಗ್ಗೆ ತಕರಾರಿಲ್ಲ. ಮುಂದಿನ ಸಾಲು ಹೀಗಿತ್ತು: 'ಕೆಲವೆಡೆ, ನೀರುಪಾಲಾದ ಮಕ್ಕಳ ಹೆಸರನ್ನೂ ವರ್ಷದ ಮೊದಲ ಸೌತೆಕಾಯಿಯ ಮೇಲೆ ಬರೆದು ಬಿಡುವ ರೂಢಿಯಿದೆ, ಹೊಳೆಯೊಳಗೆ ಮಗು ಹಸಿದಿರಬಾರದು ಎಂಬುದು ನಂಬಿಕೆ.' ಅಡಿಟಿಪ್ಪಣಿಯಲ್ಲಿ ಮೊರಿತಾ ಕೊಟ್ಟ ಪುಸ್ತಕಗಳಲ್ಲೊಂದರ ಹೆಸರು, ಪುಟ ನೂರಹನ್ನೆರಡು. ಯಾವುದೋ ಊರಿನ ಪರಿಶೀಲಕರೊಬ್ಬರು ಕೆಳಗೆ ಬರೆದಿದ್ದರು: 'ಈ ಪುಸ್ತಕ ನನ್ನ ಬಳಿ ಇದೆ. ಆ ಪುಟದಲ್ಲಿರುವುದು ನರಿಯ ಮದುವೆಯ ಚಿತ್ರ. ಭಾನುವಾರ ಸಂಜೆಯೊಳಗೆ ವಿವರಣೆ ಬರದಿದ್ದರೆ ಈ ಸದಸ್ಯರ ಎಲ್ಲ ಲೇಖನಗಳನ್ನೂ ಅಳಿಸುವ ಚರ್ಚೆಗೆ ಹಾಕಬೇಕಾಗುತ್ತದೆ.'

ನನಗೆ ಮೊದಲೇ ಮೂಗಿನ ತುದಿಯಲ್ಲಿ ಕೋಪ. ಲೈಬ್ರರಿಯಲ್ಲಿ ಕೂತಲ್ಲೇ ಉತ್ತರ ಬರೆದೆ. ಪುಟ ಕೇಳದೆ ನೀರು ಕುಡಿಯದ ಮನುಷ್ಯ ಅವರು, ನಿಮ್ಮದು ಬೇರೆ ಮುದ್ರಣ ಇರಬೇಕು, ಅವರ ಮಾತಿಗೆ ನಾನು ಜವಾಬ್ದಾರಿ ಎಂದು ಬರೆದು ಮಾದೇವಣ್ಣನಿಗೆ ಫೋನು ಮಾಡಿದೆ. "ಪುಸ್ತಕದ ಆ ಪುಟದ ಫೋಟೋ ಕಳಿಸಿ, ಅವನ ಬಾಯಿ ಮುಚ್ಚಿಸೋಣ" ಎಂದೆ.

"ಪುಸ್ತಕ ಸಿಗ್ತಾ ಇಲ್ಲ ಮೇಡಮ್ಮೋರೆ. ನೋಡ್ತೀನಿ" ಎಂದರು.

ಮಂಗಳವಾರ ಕೇಳಿದರೆ ಬಾಮೈದ ತಗೊಂಡು ಹೋಗಿದ್ದಾನೆ ಎಂದರು. ಬುಧವಾರ ಬಾಮೈದ ಊರಲ್ಲಿಲ್ಲ. ಗುರುವಾರ ಫೋನೇ ಎತ್ತಲಿಲ್ಲ. ಆ ಹೊತ್ತಿಗೆ ಪರಿಶೀಲಕರು ನನ್ನ ಉತ್ತರಕ್ಕೆ ಮರುತ್ತರ ಹಾಕಿದ್ದರು: 'ಆ ಪುಸ್ತಕಕ್ಕೆ ಒಂದೇ ಮುದ್ರಣ.' ಶುಕ್ರವಾರ ಅರ್ಧ ದಿನ ರಜೆ ಹಾಕಿ ನಂಜನಗೂಡಿನ ಬಸ್ಸು ಹತ್ತಿದೆ. ದಾರಿಯುದ್ದಕ್ಕೂ ಪುಸ್ತಕ ನಿಜವಾಗಿಯೂ ಕಳೆದುಹೋಗಿರಲಿ ಎಂದು ನಂಜುಂಡೇಶ್ವರನನ್ನು ಬೇಡಿಕೊಂಡೆ. ಲೈಬ್ರೇರಿಯನ್ ಒಬ್ಬಳು ಬೇಡಿಕೊಳ್ಳಬಾರದ ಬೇಡಿಕೆ ಅದು.

ಪುಸ್ತಕ ಕಳೆದಿರಲಿಲ್ಲ. ಅವರ ಮನೆಯ ಹಜಾರದಲ್ಲಿ ಸ್ಪ್ಯಾನರ್ ಡಬ್ಬಿಯ ಪಕ್ಕ ಎಂದಿನ ಜಾಗದಲ್ಲೇ ಇತ್ತು. ಮಾದೇವಣ್ಣ ಅದರ ಎದುರಿಗೇ ಕೂತಿದ್ದರು. ನಾನು ಕೇಳಲಿಲ್ಲ, ಅವರು ತಡೆಯಲಿಲ್ಲ. ನೂರಹನ್ನೆರಡನೇ ಪುಟ ತೆಗೆದೆ. ಬಿಸಿಲು ಮಳೆಯಲ್ಲಿ ನರಿಗಳ ದಿಬ್ಬಣ ಹೊರಟಿತ್ತು. ಹಿಂದಿನ ಪುಟ, ಮುಂದಿನ ಪುಟ, ಕೊನೆಗೆ ಕಪ್ಪಾದ ಅಧ್ಯಾಯ ಪೂರ್ತಿ ನೋಡಿದೆ. ಬದುಕಿರುವ ಮಕ್ಕಳ ಹೆಸರು ಬರೆಯುವುದಿತ್ತು. ಸತ್ತ ಮಕ್ಕಳದು ಎಲ್ಲೂ ಇರಲಿಲ್ಲ.

"ಇಲ್ಲ ಮಾದೇವಣ್ಣ ಇದ್ರಲ್ಲಿ" ಎಂದೆ.

"ಇಲ್ಲ" ಎಂದರು. "ಅದು ನಮ್ಮವ್ವ ಮಾಡ್ತಿದ್ದುದು."

ಅವರಿಗೊಬ್ಬಳು ತಂಗಿ ಇದ್ದಳಂತೆ, ಗೌರಿ. ಎಂಟು ವರ್ಷಕ್ಕೆ ಕಪಿಲಾ ಹೊಳೆಯಲ್ಲಿ ಮುಳುಗಿ ಹೋದಳು. ಅಂದಿನಿಂದ ಹೊಳೆ ಬದಿಯ ತಮ್ಮ ತುಂಡು ಹೊಲದಲ್ಲಿ ಬಿಟ್ಟ ಮೊದಲ ಸೌತೆಕಾಯಿಯನ್ನು ತಾಯಿ ಮನೆಯೊಳಕ್ಕೆ ತರುತ್ತಿರಲಿಲ್ಲ. "ಅವ್ವುಂಗೆ ಬರ್ಯಕ್ ಬತ್ತಿರ್ಲಿಲ್ಲ. ಜಾಲಿ ಮುಳ್ಳು ನನ್ ಕೈಗ್ ಕೊಟ್ಟು, 'ನಿನ್ ತಂಗಿ ಎಸ್ರು ಬರಿ ಮಗ' ಅನ್ನೋಳು. ಎರಡಕ್ಸರ. ಬರ್ದು ಕೊಡ್ತಿದ್ದೆ, ಸೋಪಾನದ್ ಮೇಲ್ ನಿಂತ್ಕಂಡ್ ನೀರ್ಗೆ ಬುಡೋಳು. ಯಾಕವ್ವ ಅಂದ್ರೆ, 'ಅಸ್ಕೊಂಡಿರ್ತದೆ ಕೂಸು' ಅನ್ನೋಳು." ಮೊರಿತಾ ಊಟದ ಹೊತ್ತಿನಲ್ಲಿ ಸೌತೆಕಾಯಿಯ ಮಾತು ತೆಗೆದ ದಿನ ಮಾದೇವಣ್ಣ ಎದ್ದು ಹೋಗಿ ಯಂತ್ರದ ಹಿಂದೆ ನಿಂತು ಅತ್ತಿದ್ದರಂತೆ. ಎಲ್ಲಿಯ ಜಪಾನು, ಎಲ್ಲಿಯ ನಮ್ಮವ್ವ ಎಂದು.

"ಮೊದುಲ್ನೇ ದಿನ ಬರೀವಾಗ ಅದೂ ಬಂದ್ಬುಡ್ತು. ಪುಟ ಕೊಡ್ದಿದ್ರೆ ತಗೀತಾರೆ ಅಂತ ಯಾವ್ದೋ ಒಂದ್ ನಂಬ್ರ ಕೊಟ್ಟೆ. ಆಮೇಲ್ ತೆಗ್ಯಕ್ ಹೋದೆ. ಹೋದಾಗ್ಲೆಲ್ಲಾ ಕೈ ಬರ್ಲಿಲ್ಲ. ತೆಗುದ್ರೆ ಅವ್ಳ ಗುರ್ತು ಇನ್ನೆಲ್ಲೂ ಇಲ್ಲ ಕಣವ್ವ" ಎಂದರು. ನನ್ನನ್ನು ಅವರು 'ಅವ್ವ' ಎಂದದ್ದು ಅದೇ ಮೊದಲು.

ಊರಿಗೆಲ್ಲ ಪುಟ ಕೇಳುತ್ತಿದ್ದ ಮನುಷ್ಯ ಆರು ವರ್ಷದಿಂದ ಏನು ಹೊತ್ತುಕೊಂಡು ಓಡಾಡುತ್ತಿದ್ದರೆಂದು ಆಗ ನನಗೆ ಗೊತ್ತಾಯಿತು.

ಭಾನುವಾರ ಡೇರಿಯಲ್ಲಿ ಸೇರಿದೆವು. ರಾಜಶೇಖರನಿಗೆ ಎಲ್ಲ ಹೇಳಿದ್ದಾಯಿತು. ಅವನು ವ್ಯವಹಾರಸ್ಥ. "ಅಣ್ಣ, ಪುಟದ್ ನಂಬ್ರ ತಪ್ಪಾಗ್ ಬಿದ್ದದೆ ಅಂತ ಒಂದ್ ಮಾತ್ ಬರ್ದು ಆ ಸಾಲು ತೆಗುದ್ಬುಡಿ. ಮುಗೀತು. ನಲವತ್ತೊಂದು ಲೇಖನ ಉಳೀತವೆ" ಎಂದ. ನನಗೂ ಹಾಗೇ ಮಾಡಿಬಿಡಲಿ ಅನ್ನಿಸಿತ್ತು. ಅವರ ಪರವಾಗಿ ಮಾತು ಕೊಟ್ಟವಳು ನಾನು, ನನ್ನ ಮುಖವೂ ಉಳಿಯುತ್ತಿತ್ತು. ಈಗ ಹೇಳಿಕೊಳ್ಳಲು ನಾಚಿಕೆಯಾಗುತ್ತದೆ.

ಮಾದೇವಣ್ಣ ಕಂಪ್ಯೂಟರಿನ ಮುಂದೆ ಕೂತರು. ಒಂದೇ ಬೆರಳಿನಲ್ಲಿ ಟೈಪು ಮಾಡುವವರು. ಗೋಡೆ ಗಡಿಯಾರ ಐದು ದಾಟಿತ್ತು. ಹೊರಗೆ ಸಂಜೆಯ ಹಾಲಿಗೆ ಜನ ಬರತೊಡಗಿದ್ದರು. ಕ್ಯಾನುಗಳ ಸದ್ದಿನ ನಡುವೆ ಒಂದೊಂದೇ ಅಕ್ಷರ ಮೂಡುವುದನ್ನು ನಾವಿಬ್ಬರೂ ನೋಡಿದೆವು: 'ಆ ಸಾಲು ನನ್ನ ತಾಯಿ ಮಾಡುತ್ತಿದ್ದದ್ದು. ಜಪಾನಿನಲ್ಲಿ ಹಾಗೆ ಇದೆಯೆಂದು ನಾನು ಎಲ್ಲೂ ಓದಿಲ್ಲ. ಪುಟ ಸುಳ್ಳು. ಅದನ್ನು ಕೊಟ್ಟವನು ನಾನೇ. ನನ್ನ ಪರವಾಗಿ ಬರೆದ ಮೇಡಂಗೆ ಈ ವಿಷಯ ತಿಳಿದಿರಲಿಲ್ಲ.' ಆಮೇಲೆ ಲೇಖನಕ್ಕೆ ಹೋಗಿ, ಆ ಸಾಲನ್ನು ತಾವೇ ಅಳಿಸಿದರು. ಅಳಿಸುವಾಗ ಕಣ್ಣು ಮುಚ್ಚಿಕೊಂಡಿದ್ದರು.

ರಾತ್ರಿಯೊಳಗೆ ಉತ್ತರ ಬಂತು. ಒಪ್ಪಿಕೊಂಡದ್ದಕ್ಕೆ ಧನ್ಯವಾದ, ಆದರೆ ಉಳಿದ ಅಡಿಟಿಪ್ಪಣಿಗಳನ್ನು ನಂಬುವುದು ಹೇಗೆ, ಎಲ್ಲ ಪುಟಗಳನ್ನೂ ತೋರಿಸಿ ಎಂದು. ಇನ್ನೊಂದು ವಾರ ಗಡುವು. ನಾನು ರಜೆ ಹಾಕಿದೆ. ಜಯಮ್ಮ ಮೂರು ಹೊತ್ತೂ ಅಡುಗೆ ಮಾಡಿ ಹಾಕಿದರು. ಒಂದೊಂದು ಟಿಪ್ಪಣಿಯನ್ನೂ ಪುಸ್ತಕ ತೆರೆದು ನೋಡಿ, ಫೋಟೋ ಹಿಡಿದು ಏರಿಸಿದೆವು. ಇನ್ನೊಂದು ಸುಳ್ಳು ಸಿಕ್ಕರೆ ಎಂಬ ಭಯ ಪ್ರತಿ ಪುಟ ತಿರುವುವಾಗಲೂ ಇತ್ತು. ಸಿಗಲಿಲ್ಲ. ಎಲ್ಲವೂ ಗೆರೆ ಕೊರೆದ ಹಾಗೆ ಸರಿಯಾಗಿದ್ದವು. ಲೇಖನಗಳು ಉಳಿದವು.

ಮಾದೇವಣ್ಣ ಮಾತ್ರ ಉಳಿಯಲಿಲ್ಲ. "ಸುಳ್ ಪುಟ ಕೊಟ್ಟೋನ್ ಕೈ ಇದ್ರಲ್ಲಿ ಇರ್ಬಾರ್ದು" ಎಂದು ಬರೆಯುವುದನ್ನು ಬಿಟ್ಟುಬಿಟ್ಟರು. ಭಾನುವಾರ ಡೇರಿಗೆ ಬರುತ್ತಿದ್ದರು, ನಮ್ಮ ಟಿಪ್ಪಣಿಗಳ ಪುಟ ಕೇಳುತ್ತಿದ್ದರು, ಕೀಲಿಮಣೆ ಮುಟ್ಟುತ್ತಿರಲಿಲ್ಲ.

ನನಗೆ ಸುಮ್ಮನಿರಲು ಆಗಲಿಲ್ಲ. ಅವರ ತಾಯಿಯ ತವರು ಹೆಮ್ಮರಗಾಲ. ಅಲ್ಲಿಗೆ ಹೋಗಿ ವಯಸ್ಸಾದ ಹೆಂಗಸರನ್ನು ಕೇಳಿದೆ. ಇಬ್ಬರಿಗೆ ನೆನಪಿತ್ತು. "ಊ ಕಣವ್ವ, ಕೆರೆಗೂ ಬುಡ್ತಿದ್ರು. ನೀರ್ ಪಾಲಾದ್ ಕೂಸ್ಗೆ ಮೊದುಲ್ನೇ ಕಾಯಿ" ಎಂದರು ಒಬ್ಬರು. ಅವರ ಮಾತು, ಮಾದೇವಣ್ಣನ ಮಾತು, ಗೌರಿಯ ಹೆಸರು ಎಲ್ಲ ಸೇರಿಸಿ ಒಂದು ಲೇಖನ ಬರೆದು ಸಣ್ಣದೊಂದು ಜಾನಪದ ಪತ್ರಿಕೆಗೆ ಕಳಿಸಿದೆ. ಅವರು ಎಂಟು ತಿಂಗಳು ಕಾಯಿಸಿ ಅಚ್ಚು ಹಾಕಿದರು.

ಪತ್ರಿಕೆ ಹಿಡಿದು ನಂಜನಗೂಡಿಗೆ ಓಡಿದೆ. ಅಷ್ಟರಲ್ಲಿ ಮಾದೇವಣ್ಣ ಹೃದಯದ ತೊಂದರೆಯಿಂದ ಹಾಸಿಗೆ ಹಿಡಿದಿದ್ದರು. ಕನ್ನಡಕ ಹಾಕಿಕೊಂಡು, "ಯಾವ್ ಪುಟ?" ಎಂದರು.

"ಮೂವತ್ತೊಂದು" ಎಂದೆ.

ಓದಿದರು. ಗೌರಿ ಎಂದಿದ್ದ ಕಡೆ ಬೆರಳಿಟ್ಟರು. "ಈಗ ಪುಟ ಇದೆ ಮಾದೇವಣ್ಣ. ವಿಶ್ವಕೋಶಕ್ಕೆ ಹಾಕಲಾ?" ಎಂದೆ.

ಬೇಡವೆಂದು ತಲೆಯಾಡಿಸಿದರು. "ಬರ್ದೋರು ನೀವು, ಹೇಳ್ದೋನು ನಾನು. ನಾವಿಬ್ರೂ ಆಕಂಗಿಲ್ಲ. ಬ್ಯಾರೆ ಯಾರಾರ ಓದಿ, ಬೇಕು ಅನ್ಸಿದ್ರೆ ಅವ್ರ್ ಆಕ್ಲಿ."

"ಈ ಪತ್ರಿಕೆಯನ್ನ ಯಾರು ಓದ್ತಾರೆ?"

"ಓದ್ದೇ ಇದ್ರೆ ಬ್ಯಾಡ" ಎಂದು ಪತ್ರಿಕೆಯನ್ನು ಮಡಚದೆ ದಿಂಬಿನ ಪಕ್ಕ ಇಟ್ಟುಕೊಂಡರು. ಅದೇ ಕೊನೆಯ ಭೇಟಿ. ಮುಂದಿನ ತಿಂಗಳು ಹೋಗಿಬಿಟ್ಟರು. ಮಣ್ಣು ಮಾಡಿ ಬಂದ ಮೇಲೆ ಜಯಮ್ಮ ನನ್ನ ಕೈ ಹಿಡಿದುಕೊಂಡು, "ಸತ್ತ ಅಂತ ಎಲ್ ಬರ್ದದೆ ಅಂತ ಎದ್ ಕೂತ್ಕಂಡು ಕೇಳ್ತಾರೇನೋ ಅಂತ ನೋಡ್ತಿದ್ದೆ ಕಣವ್ವ" ಎಂದು ನಕ್ಕು, ಆಮೇಲೆ ಅತ್ತರು.

ಆಮೇಲೆ ಎಷ್ಟೋ ಸಲ ನನ್ನ ಕೈ ಕೀಲಿಮಣೆಯವರೆಗೂ ಹೋಗಿತ್ತು. ಬೇರೆ ಹೆಸರಿನಲ್ಲಿ ಹಾಕಿದರೆ ಯಾರಿಗೆ ತಿಳಿಯುತ್ತದೆ ಎಂದೂ ಯೋಚಿಸಿದ್ದೆ. ಹಾಕಲಿಲ್ಲ.

ಮೊನ್ನೆ ಯುಗಾದಿ ಕಳೆದ ಮೇಲೆ ಒಂದು ಮಧ್ಯಾಹ್ನ ಲೈಬ್ರರಿಯಲ್ಲಿ ಕೂತು ಕಪ್ಪಾದ ಲೇಖನ ತೆರೆದೆ. ಯಾರೋ ಸದಸ್ಯರು, ಎಂದೂ ಕೇಳದ ಹೆಸರು, ಕೊನೆಯಲ್ಲಿ 'ಇತರ ನಾಡುಗಳಲ್ಲಿ' ಎಂಬ ಹೊಸ ಭಾಗ ಸೇರಿಸಿದ್ದರು. 'ಕರ್ನಾಟಕದ ನಂಜನಗೂಡು ಸೀಮೆಯಲ್ಲಿ ನೀರುಪಾಲಾದ ಮಕ್ಕಳ ಹೆಸರನ್ನು ಮೊದಲ ಸೌತೆಕಾಯಿಯ ಮೇಲೆ ಬರೆದು ನೀರಿಗೆ ಬಿಡುತ್ತಿದ್ದರು. ಗೌರಿ ಎಂಬ ಬಾಲಕಿಯ ತಾಯಿ ಹೀಗೆ ಮಾಡುತ್ತಿದ್ದುದು ದಾಖಲಾಗಿದೆ.' ಪಕ್ಕದಲ್ಲಿ ಅಡಿಟಿಪ್ಪಣಿ.

ನಾನು ಎದ್ದು, ಕಪಾಟಿನಿಂದ ಪತ್ರಿಕೆ ತೆಗೆದು, ಟಿಪ್ಪಣಿಯನ್ನು ನೋಡಿಕೊಂಡು ಹಾಳೆ ತಿರುವಿದೆ. ಪುಟ ಸರಿಯಾಗಿತ್ತು.