ಜಗದಾಂಬಕ್ಕನ ಹಳದಿ ಕ್ಯಾಸೆಟ್

ನಮ್ಮ ಭಾವ ಚನ್ನವೀರಪ್ಪನವರ ಮನೆಯಲ್ಲಿ ದಾಸೋಹ ನಿಂತಿದ್ದೇ ಇಲ್ಲ ಎಂದು ನಮ್ಮ ಕಡೆಯವರೆಲ್ಲ ಹೊಗಳುತ್ತಾರೆ. ದಾವಣಗೆರೆಯಿಂದ ಯಾರೇ ಬರಲಿ, ಆಸ್ಪತ್ರೆಗೆ ಬರಲಿ, ಜ್ಞಾನಭಾರತಿಯಲ್ಲಿ ಮಗಳಿಗೆ ಸೀಟು ವಿಚಾರಿಸಲು ಬರಲಿ, ಬಸವೇಶ್ವರನಗರದ ಆ ಮನೆಯ ಗೇಟು ತೆಗೆದರೆ ಊಟ ಸಿಗುತ್ತದೆ. ಭಾವ ಬಾಗಿಲಲ್ಲಿ ಕೈಮುಗಿದು ನಿಂತು, "ಪ್ರಸಾದ ಮಾಡ್ಕೊಂಡೇ ಹೋಗ್ಬೇಕು" ಎನ್ನುತ್ತಾರೆ. ಹೆಸರು ಅವರದು. ರೊಟ್ಟಿ ತಟ್ಟುವವಳು ನನ್ನ ಅಕ್ಕ ಜಗದಾಂಬಾ. ಯಾರದೋ ದುಡ್ಡು ಎಲ್ಲಮ್ಮನ ಜಾತ್ರೆ ಎನ್ನುತ್ತಾರಲ್ಲ, ಇಲ್ಲಿ ದುಡ್ಡಿನ ಬದಲು ಒಬ್ಬ ಹೆಂಗಸಿನ ರಟ್ಟೆ. ನನಗೆ ಸಿಟ್ಟು ಬಂದಿದೆ. ಅದು ಇಳಿಯುವ ಮೊದಲೇ ಇದನ್ನು ಬರೆದುಬಿಡಬೇಕು, ಇಲ್ಲದಿದ್ದರೆ ನಾನೂ ಎಲ್ಲರಂತೆ "ಎಷ್ಟೇ ಆಗಲಿ, ದೊಡ್ಡ ಮನೆತನ" ಎಂದು ಸುಮ್ಮನಾಗುತ್ತೇನೆ.

ಅಕ್ಕ ಮಾತು ಕಡಿಮೆಯವಳು. ಬಿ.ಎಸ್ಸಿ. ಓದುತ್ತಿದ್ದಾಗ ಮದುವೆ ಮಾಡಿದರು. ಆಮೇಲೆ ಮುಗಿಸಬಹುದು ಎಂದರು, ಮುಗಿಸಲು ಬಿಡಲಿಲ್ಲ. ಹೊಲಿಗೆ ಕ್ಲಾಸಿಗೆ ಸೇರಿದಳು, ಅತ್ತೆಗೆ ಸೊಂಟ ಹಿಡಿಯಿತು, ಅದೂ ಅರ್ಧಕ್ಕೆ ನಿಂತಿತು. ಅವಳ ಮಂಚದ ಪಕ್ಕದಲ್ಲಿರುವ ಯಾವ ಪುಸ್ತಕ ತೆಗೆದರೂ ನಡುವೆ ಎಲ್ಲೋ ಒಂದು ಬೆಳ್ಳುಳ್ಳಿ ಸಿಪ್ಪೆ ಸಿಗುತ್ತದೆ. ಸಿಪ್ಪೆ ಬಿಡಿಸುತ್ತ ಓದುತ್ತಿದ್ದವಳನ್ನು ಯಾರೋ ಕರೆದಿರುತ್ತಾರೆ, ಅದನ್ನೇ ಗುರುತಿಗೆ ಇಟ್ಟು ಎದ್ದಿರುತ್ತಾಳೆ. ಆ ಸಿಪ್ಪೆಯಿಂದ ಮುಂದಕ್ಕೆ ಹೋದ ಪುಸ್ತಕ ನಾನು ಕಂಡಿಲ್ಲ.

ಮಗ ಗಿರಿರಾಜ್ ಚಿಕ್ಕವನಿದ್ದಾಗ ಭಾವ ಮೆಜೆಸ್ಟಿಕ್ ಕಡೆಯಿಂದ ಟಿವಿಗೆ ಜೋಡಿಸುವ ವಿಡಿಯೋ ಗೇಮ್ ತಂದರು. ಅದರ ಜೊತೆಗೆ ಒಂದಷ್ಟು ಕ್ಯಾಸೆಟ್ಟುಗಳು. ಅವುಗಳಲ್ಲಿ ಹಳದಿಯದೊಂದರಲ್ಲಿ ಮುತ್ತಿನ ಆಟ ಇತ್ತು. ಮುಳುಗುಗಾರನೊಬ್ಬ ಸಮುದ್ರದ ಗುಹೆಗಳಲ್ಲಿ ಈಜಿಕೊಂಡು ಹೋಗುತ್ತಾನೆ, ಉಸಿರು ಮುಗಿಯುವುದರೊಳಗೆ ದಾರಿ ಹುಡುಕಬೇಕು. ಕೊನೆಯ ಗುಹೆಯಲ್ಲಿ ದೈತ್ಯ ಏಡಿ ಕಾವಲು ಕೂತಿರುತ್ತದೆ. ಅದನ್ನು ದಾಟಿದರೆ ದೊಡ್ಡ ಮುತ್ತು. ಗಿರಿ ಐದನೇ ಕ್ಲಾಸಿನಲ್ಲೇ ಆ ಆಟವನ್ನು ಅರೆದು ಕುಡಿದಿದ್ದ ಎಂದು ಭಾವ ಇಂದಿಗೂ ಬಂದವರಿಗೆಲ್ಲ ಹೇಳುತ್ತಾರೆ. ಸುಳ್ಳು. ಗಿರಿ ಮೂರನೇ ಗುಹೆಯಲ್ಲಿ ಸಿಕ್ಕಿಹಾಕಿಕೊಂಡು, "ಅಮ್ಮ, ಇದೊಂದ್ ದಾಟಿಸ್ಕೊಡೇ" ಎಂದು ಅಳುತ್ತಿದ್ದ. ಅಕ್ಕ ಸೆರಗಿಗೆ ಕೈ ಒರೆಸಿಕೊಂಡು ಬಂದು ದಾಟಿಸಿಕೊಡುತ್ತಿದ್ದಳು. ಆಮೇಲೆ ಅತ್ತೆ ಮಲಗಿದ, ಮಗ ಸ್ಕೂಲಿನಲ್ಲಿರುವ ಮಧ್ಯಾಹ್ನಗಳಲ್ಲಿ ತಾನೇ ಆಡಲು ಕೂತಳು. ಟಿವಿಯ ಸದ್ದು ಪೂರ್ತಿ ಇಳಿಸಿ, ಕಾಲು ಮಡಿಚಿ, ನೆಲದ ಮೇಲೆ. ನಾನು ಕಣ್ಣಾರೆ ಕಂಡಿದ್ದೇನೆ. ಆಗ ಅವಳ ಮುಖದಲ್ಲಿ ಇರುತ್ತಿದ್ದ ಖುಷಿ ಅವಳ ಮದುವೆಯ ಆಲ್ಬಮ್ಮಿನಲ್ಲೂ ಇಲ್ಲ.

ಆ ಕಾಲದ ಆಟಕ್ಕೆ ನೆನಪಿರಲಿಲ್ಲ. ಆರಿಸಿದರೆ ಮತ್ತೆ ಮೊದಲ ಗುಹೆಯಿಂದಲೇ ಶುರು. ಅದಕ್ಕೇ ಅಕ್ಕ ಒಂದು ಉಪಾಯ ಮಾಡಿದ್ದಳು. ಯಾರಾದರೂ ಬಂದರೆ ಆಟವನ್ನು ತಡೆದು ನಿಲ್ಲಿಸಿ, ಟಿವಿ ಮಾತ್ರ ಆರಿಸಿ, ಗೇಮ್ ಪೆಟ್ಟಿಗೆಯ ದೀಪ ಹಾಗೇ ಉರಿಯಲು ಬಿಟ್ಟು ಅಡುಗೆಮನೆಗೆ ಹೋಗುವುದು. ಒಂದೇ ಒಂದು ಸಲ ಅವಳು ಏಡಿಯ ಮುಂದೆ ಬಂದು ನಿಂತಿದ್ದಳು. ಅಷ್ಟರಲ್ಲಿ ಊರಿನಿಂದ ಒಂದು ಗಾಡಿ ಜನ ಬಂದಿಳಿದರು. ಪೂರಿ ಕರಿದು ಬಡಿಸಿ ಕೈ ತೊಳೆದುಕೊಂಡು ಬರುವಷ್ಟರಲ್ಲಿ ಅತ್ತೆ ಪ್ಲಗ್ ಕಿತ್ತಿಟ್ಟಿದ್ದರು. "ಅದೇನದು ಕೆಂಪು ದೀಪ, ಸುಮ್ನೆ ಕರೆಂಟ್ ದಂಡ" ಎಂದರು. ಅಕ್ಕ ಎಂಜಲು ತಟ್ಟೆ ಎತ್ತಲು ಹೋದಳು. ಪೆಟ್ಟಿಗೆ ಕೆಟ್ಟು ಗುಜರಿಗೆ ಹೋದ ಮೇಲೂ ಆ ಹಳದಿ ಕ್ಯಾಸೆಟ್ಟನ್ನು ವಿಭೂತಿ ಗಟ್ಟಿಗಳ ಡಬ್ಬಿಯಲ್ಲಿ ಎತ್ತಿಟ್ಟುಕೊಂಡಳು. ಆ ಡಬ್ಬಿಗೆ ಅತ್ತೆಯೂ ಕೈ ಹಾಕಿ ತಡಕುತ್ತಿರಲಿಲ್ಲ.

ಈಗ ಅತ್ತೆ ಇಲ್ಲ. ಗಿರಿಗೆ ನಲವತ್ತು ಹತ್ತಿರ. ಹೋದ ತಿಂಗಳು ಅವನಿಗೆ ಬಾಲ್ಯ ನೆನಪಾಯಿತಂತೆ. ಅಂಗೈಯಗಲದ ಒಂದು ಕಂಪ್ಯೂಟರ್ ತಂದು ಹಾಲ್‌ನ ದೊಡ್ಡ ಟಿವಿಗೆ ಸಿಕ್ಕಿಸಿ ಅದರಲ್ಲಿ ಎಮ್ಯುಲೇಟರ್ ಹಾಕಿದ. ಹಳೆಯ ಗೇಮ್ ಪೆಟ್ಟಿಗೆಯ ಹಾಗೆಯೇ ವೇಷ ಹಾಕಿ ಕುಣಿಯುವ ಸಾಫ್ಟ್‌ವೇರ್ ಅದು. ವಾರವಿಡೀ ಕೂತು ಆಟಗಳ ಲೈಬ್ರರಿ ಜೋಡಿಸಿದ. ಒಂದೊಂದು ಪೆಟ್ಟಿಗೆಗೆ ಒಂದೊಂದು ಫೋಲ್ಡರ್, ಒಂದೊಂದು ಆಟಕ್ಕೂ ಅದರ ಹಳೆಯ ರಟ್ಟಿನ ಡಬ್ಬಿಯ ಮೇಲಿನ ಚಿತ್ರ, ಓಟದ ಆಟ ಒಂದು ಕಡೆ, ಹೊಡೆದಾಟ ಒಂದು ಕಡೆ. ಊಟಕ್ಕೆ ಕರೆದರೆ, "ಸ್ಕ್ಯಾನ್ ಆಗ್ತಾ ಇದೆ, ಇಲ್ಲಿಗೇ ತಂದ್ಕೊಡು" ಎನ್ನುತ್ತಿದ್ದ. ಅಕ್ಕ ತಟ್ಟೆ ತಂದು ಕೊಡುತ್ತಿದ್ದಳು. ಅವನ ಕೆಲಸಕ್ಕೆ ಅಡ್ಡಿ ಬರುವ ಹಾಗಿಲ್ಲವಲ್ಲ.

ನಾನು ಮಲ್ಲತ್ತಹಳ್ಳಿಯ ನನ್ನ ಮನೆಯಿಂದ ಹೋಗಿದ್ದ ದಿನವೇ ಅಕ್ಕ ಒಣಗಿದ ಬಟ್ಟೆಯ ರಾಶಿ ಹಿಡಿದು ಟಿವಿಯ ಮುಂದೆ ನಿಂತಳು. ಚಿತ್ರಗಳ ಸಾಲನ್ನು ಮೇಲಿಂದ ಕೆಳಗೆ ನೋಡಿದಳು.

"ಮುತ್ತಿನ ಆಟ ಎಲ್ಲೋ?"

"ಅದಾ? ಹಾಕಿಲ್ಲ ಬಿಡಮ್ಮ. ಯಾರೂ ಆಡ್ತಿರ್ಲಿಲ್ಲ ಅದನ್ನ."

ಬಟ್ಟೆಯ ರಾಶಿ ಅಕ್ಕನ ಕೈಯಲ್ಲೇ ಇತ್ತು. ನನಗೆ ಮೈ ಉರಿಯಿತು. "ನಿಮ್ಮಮ್ಮ ಆಡ್ತಿದ್ಲು ಕಣೋ! ನಿನ್ ಮೂರ್ನೇ ಗುಹೆ ಯಾರ್ ದಾಟಿಸ್ತಿದ್ರು ಅಂದ್ಕೊಂಡಿದೀಯ?" ಎಂದೆ. ಅವನು ನಕ್ಕ. ಇಂಟರ್‌ನೆಟ್ಟಿನಲ್ಲಿ ಹುಡುಕಿದ ಹಾಗೆ ಮಾಡಿ, ಅದು ಯಾವುದೋ ನಕಲಿ ಕ್ಯಾಸೆಟ್, ಎಲ್ಲೂ ಸಿಗುವುದಿಲ್ಲ ಎಂದ. ಅಕ್ಕ ಒಳಗೆ ಹೋಗಿ ವಿಭೂತಿ ಡಬ್ಬಿ ತಂದು ಟೀಪಾಯಿಯ ಮೇಲಿಟ್ಟಳು. ಬಿಳಿ ಪುಡಿ ಮೆತ್ತಿದ ಕ್ಯಾಸೆಟ್ಟನ್ನು ಹೊರತೆಗೆದು, ಸೆರಗಿನಿಂದ ಒರೆಸಿ, ಬಾಯಿಂದ ಉಫ್ ಎಂದು ಊದಿದಳು. ಗಿರಿ ಅದನ್ನು ಕೈಗೆತ್ತಿಕೊಂಡು ತಿರುಗಿಸಿ ನೋಡಿದ.

ಅನ್ನಪೂರ್ಣೇಶ್ವರಿ ನಗರದಲ್ಲಿರುವ ಅವನ ಗೆಳೆಯ ಸುಘೋಷನ ಹತ್ತಿರ ಕ್ಯಾಸೆಟ್ಟಿನಿಂದ ಆಟವನ್ನು ಫೈಲಿಗೆ ಇಳಿಸುವ ಒಂದು ಸಣ್ಣ ಯಂತ್ರ ಇತ್ತು. ನಾನು ಬೆನ್ನು ಬಿಡದೆ ಫೋನ್ ಮಾಡಿ ಮಾಡಿ ಗಿರಿಯನ್ನು ಅಲ್ಲಿಗೆ ಕಳಿಸಿದೆ. ಮುತ್ತಿನ ಆಟ ಲೈಬ್ರರಿಯ ಕಟ್ಟಕಡೆಗೆ, ರಟ್ಟಿನ ಚಿತ್ರವೂ ಇಲ್ಲದೆ, ಒಂದು ಬೂದು ಚೌಕವಾಗಿ ಸೇರಿಕೊಂಡಿತು. ಗಿರಿ ತಾಯಿಗೆ ಜಾಯ್‌ಸ್ಟಿಕ್ ಕೊಟ್ಟು ಸೇವ್ ಮಾಡುವುದನ್ನು ತೋರಿಸಿದ.

"ನಿಲ್ಸಿದ್ ಜಾಗದಲ್ಲೇ ಇರುತ್ತಾ?"

"ಇರುತ್ತಮ್ಮ."

"ಪ್ಲಗ್ ಕಿತ್ರೂ?"

"ಕಿತ್ರೂ ಇರುತ್ತೆ. ನಿಂಗೆ ಕನ್ಫ್ಯೂಸ್ ಆಗ್ಬಾರ್ದು ಅಂತ ಒಂದೇ ಜಾಗ ಇಟ್ಟಿದೀನಿ. ಪ್ರತಿ ಸಲ ಅಲ್ಲೇ ಸೇವ್ ಆಗುತ್ತೆ."

ಅಕ್ಕ ಕೂತುಬಿಟ್ಟಳು. ಅವಳ ಕಣ್ಣು ತುಂಬಿದ್ದನ್ನು ಗಿರಿ ನೋಡಲಿಲ್ಲ, ನಾನು ನೋಡಿದೆ. ಎಷ್ಟು ಸಲ ಎಬ್ಬಿಸಿದರೂ ಎದ್ದ ಜಾಗ ತನ್ನದಾಗಿಯೇ ಉಳಿಯುತ್ತದೆ ಎಂದು ಅವಳಿಗೆ ಯಾರೂ ಹೇಳಿರಲಿಲ್ಲ.

ಅಂದಿನಿಂದ ಮಧ್ಯಾಹ್ನ ಆಡತೊಡಗಿದಳು. ಹಾಲಿನವನು ಬಂದರೆ ಸೇವ್, ಕುಕ್ಕರ್ ಕೂಗಿದರೆ ಸೇವ್, ಭಾವನಿಗೆ ಕಾಫಿ ಬೇಕೆನಿಸಿದರೆ ಸೇವ್. ಮಂಡಿ ನೋವೆಂದು ನೆಲ ಬಿಟ್ಟು ಸೋಫಾದ ಮೇಲೆ ಕೂರುತ್ತಿದ್ದಳು, ಅಷ್ಟೇ ವ್ಯತ್ಯಾಸ. ಪ್ರತಿ ಸಂಜೆ ನನಗೆ ಫೋನ್ ಮಾಡಿ ಎಲ್ಲಿಯವರೆಗೆ ಬಂದೆ ಎಂದು ಹೇಳುತ್ತಿದ್ದಳು. ಶನಿವಾರ ಫೋನ್ ಮಾಡಿದವಳು ಪಿಸುಗುಟ್ಟಿದಳು: "ಏಡಿ ಮುಂದೆ ನಿಂತಿದೀನಿ ಕಣೇ. ನಾಳೆ ಬಾ."

ಹೋದೆ. ನನ್ನ ಹಿಂದೆಯೇ ದಾವಣಗೆರೆಯ ಶ್ರೀಶೈಲ, ಭಾವನ ದೊಡ್ಡಪ್ಪನ ಮಗ, ಮಗಳ ಮದುವೆಯ ಕರೆಯೋಲೆ ಹಿಡಿದು ಹೆಂಡತಿಯ ಜೊತೆ ಬಂದ. ಅಕ್ಕ ಆಗಷ್ಟೇ ಜಾಯ್‌ಸ್ಟಿಕ್ ಹಿಡಿದಿದ್ದಳು. ಭಾವ ಎಂದಿನ ಧಾಟಿಯಲ್ಲಿ, "ಏಳು, ಪ್ರಸಾದಕ್ಕೆ ಮಾಡು" ಎಂದರು. ಅಕ್ಕ ಎದ್ದಳು. ನಾನೂ ಒಳಗೆ ಹೋಗಿ ಬದನೆಕಾಯಿ ಹೆಚ್ಚಿದೆ. ಅವಳು ರೊಟ್ಟಿ ತಟ್ಟುತ್ತಿದ್ದಳು, ಮುಖದಲ್ಲಿ ಬೇಸರವಿರಲಿಲ್ಲ. "ಅದು ಅಲ್ಲೇ ಇರುತ್ತೆ ಬಿಡೇ" ಎಂದಳು.

ಹಾಲ್‌ನಲ್ಲಿ ಇದ್ದಕ್ಕಿದ್ದಂತೆ ಚಪ್ಪಾಳೆ ಕೇಳಿಸಿತು.

ಮಜ್ಜಿಗೆಯ ಪಾತ್ರೆ ಹಿಡಿದು ಹೊರಗೆ ಬಂದ ಅಕ್ಕ ಅಲ್ಲೇ ನಿಂತಳು. ಟಿವಿಯಲ್ಲಿ ಚಿಪ್ಪು ಬಾಯಿ ತೆರೆದಿತ್ತು, ಒಳಗೆ ಬೆಳ್ಳನೆಯ ಮುತ್ತು. ಜಾಯ್‌ಸ್ಟಿಕ್ ಗಿರಿಯ ಕೈಯಲ್ಲಿತ್ತು. ಭಾವ ಶ್ರೀಶೈಲನಿಗೆ ಹೇಳುತ್ತಿದ್ದರು: "ಹೇಳಿರ್ಲಿಲ್ವಾ? ಐದನೇ ಕ್ಲಾಸಿಂದ್ಲೂ ಇವನ್ದು ಎತ್ತಿದ ಕೈ."

"ಯಾರ್ ಮುಗಿಸಿದ್ದು?" ಎಂದಳು ಅಕ್ಕ.

"ನಾನೇ ಅಮ್ಮ! ನಿಂಗೆ ಕಷ್ಟ ಆಗ್ತಿತ್ತಲ್ಲ, ಮುಗಿಸ್ಕೊಟ್ಟೆ."

"ನಾನ್ ನಿಲ್ಸಿದ್ ಜಾಗ?"

ಗಿರಿ ಟಿವಿ ನೋಡಿದ, ಜಾಯ್‌ಸ್ಟಿಕ್ ನೋಡಿದ. "ಅದರ ಮೇಲೇ ಸೇವ್ ಆಯ್ತು. ಅದೀಗ ಯಾಕಮ್ಮ? ಆಟ ಮುಗೀತಲ್ಲ."

ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ. ನನಗೆ ಅವನ ಕೆನ್ನೆಗೆ ಬಾರಿಸಬೇಕೆನಿಸಿತು. ಅವನದು ಕೆಟ್ಟ ಬುದ್ಧಿಯಲ್ಲ ಎಂದು ಯಾರಾದರೂ ನನಗೆ ಹೇಳಲು ಬಂದರೆ ಅವರಿಗೂ ಬಾರಿಸುತ್ತೇನೆ. ಪ್ಲಗ್ ಕಿತ್ತ ಅತ್ತೆಯದೂ ಕೆಟ್ಟ ಬುದ್ಧಿಯಾಗಿರಲಿಲ್ಲ. ಈ ಮನೆಯಲ್ಲಿ ಯಾರದೂ ಕೆಟ್ಟ ಬುದ್ಧಿಯಲ್ಲ, ಆದರೂ ಒಬ್ಬಳ ಆಯುಷ್ಯ ಹೀಗೇ ಕಳೆದುಹೋಯಿತು.

ಅಕ್ಕ ಮಜ್ಜಿಗೆ ಪಾತ್ರೆಯನ್ನು ಭಾವನ ಕೈಗೆ ಕೊಟ್ಟಳು. ಅಡುಗೆಮನೆಗೆ ಹೋಗಿ ಒಲೆ ಆರಿಸಿ ಬಂದಳು. ಗಿರಿಯ ಕೈಯಿಂದ ಜಾಯ್‌ಸ್ಟಿಕ್ ತೆಗೆದುಕೊಂಡು ಸೋಫಾದಲ್ಲಿ ಕೂತು ಮೊದಲ ಗುಹೆ ಶುರು ಮಾಡಿದಳು.

"ಏನಿದು ಜಗದಾಂಬಾ, ಬಂದವರು ಹಸ್ಕೊಂಡಿದಾರೆ" ಎಂದರು ಭಾವ. ದನಿಯಲ್ಲಿ ಗದರಿಕೆ ಇತ್ತು.

ಅಕ್ಕ ಟಿವಿಯಿಂದ ಕಣ್ಣು ತೆಗೆಯಲಿಲ್ಲ. "ಈ ಮನೇಲಿ ದಾಸೋಹ ನಿಲ್ಬಾರ್ದು ಅಲ್ವಾ? ನಿಲ್ಲಿಸ್ಬೇಡಿ. ಹಿಟ್ಟು ಕಲಸಿದೆ, ಹೆಂಚು ಕಾದಿದೆ. ಬಡಿಸಿ."

ಆ ಮನೆಯಲ್ಲಿ ಅವಳ ದನಿ ಅಷ್ಟು ಗಟ್ಟಿಯಾಗಿದ್ದನ್ನು ನಾನು ಕೇಳಿದ್ದು ಅದೇ ಮೊದಲು. ಶ್ರೀಶೈಲನ ಹೆಂಡತಿ ತಾನು ಒಳಗೆ ಹೋಗುತ್ತೇನೆಂದು ಎದ್ದರು. ನಾನು ಅವರ ಕೈ ಹಿಡಿದು ಕೂರಿಸಿದೆ. ನಾನೂ ಏಳಲಿಲ್ಲ. ಅಪ್ಪ ಮಗ ಒಳಗೆ ಹೋದರು. ಸ್ವಲ್ಪ ಹೊತ್ತಿಗೆ ಸೀದ ವಾಸನೆ ಬಂತು. ಬೀಗರ ಮನೆಯಲ್ಲಿ ಕೂತವನಂತೆ ಮುದುಡಿಕೊಂಡ ಶ್ರೀಶೈಲ ಕರಕಲು ರೊಟ್ಟಿಯನ್ನೇ ಮಜ್ಜಿಗೆಯಲ್ಲಿ ನೆನೆಸಿಕೊಂಡು ತಿಂದು, ಎದ್ದು ಹೊರಟ. ಭಾವನ ಮುಖ ಕೆಂಪಾಗಿತ್ತು. ಮಾನ ಹೋಯಿತು ಎಂದು ಒಂದೆರಡು ಸಲ ಕೇಳುವಂತೆಯೇ ಗೊಣಗಿದರು. ಹೋಗಲಿ, ಹೋಗುವಂಥ ಮಾನ ಅದು.

ನಾಲ್ಕನೇ ಗುಹೆಯಲ್ಲಿ ಅಕ್ಕನ ಮುಳುಗುಗಾರ ಸತ್ತ. ಮತ್ತೆ ಮೊದಲಿನಿಂದ ಹೊರಟಳು. ಗಿರಿ ಪಕ್ಕದಲ್ಲಿ ಬಂದು ನಿಂತು ಮೆಲ್ಲಗೆ, "ಆಗಾಗ ಸೇವ್ ಮಾಡ್ಕೋ ಅಮ್ಮ, ನಾನ್ ಮುಟ್ಟಲ್ಲ" ಎಂದ.

"ನಾನ್ ಎತ್ತಿಟ್ಟಿದ್ದನ್ನ ಈ ಮನೇಲಿ ಯಾವಾಗ್ಲೂ ಬೇರೆಯವ್ರೇ ತಿಂದಿರೋದು. ಬೇಡ."

ದೀಪ ಹಚ್ಚುವ ಹೊತ್ತಿಗೆ ಅವಳು ಏಡಿಯ ಮುಂದಿದ್ದಳು. ಆಗ ಕಾಲಿಂಗ್ ಬೆಲ್ ಹೊಡೆಯಿತು. ಅಕ್ಕನ ಹೆಬ್ಬೆರಳು ತನ್ನಷ್ಟಕ್ಕೇ ಹೋಗಿ ಗುಂಡಿ ಒತ್ತಿತು, ಆಟ ತಡೆದು ನಿಂತಿತು. ಅವಳು ಅರ್ಧ ಎದ್ದಿದ್ದಳು, ಅಷ್ಟು ವರ್ಷಗಳ ಅಭ್ಯಾಸ. ನಾನು ಭಾವನನ್ನು ನೋಡಿದೆ, ಕಣ್ಣಲ್ಲೇ ಸುಡುವ ಹಾಗೆ. ಅವರು ತಾವೇ ಎದ್ದು ಬಾಗಿಲಿಗೆ ಹೋದರು. ಹಿಂದಿನ ಬೀದಿಯ ಲಿಂಗಪ್ಪನವರು ನಿಂತಿದ್ದರು, ಮೊಸರಿಗೆ ಹೆಪ್ಪು ಬೇಕಿತ್ತಂತೆ.

"ಜಗದಾಂಬಮ್ಮ ಇಲ್ವಾ?"

"ಇದಾಳೆ. ಆಡ್ತಾ ಇದಾಳೆ" ಎಂದರು ಭಾವ. ಮತ್ತೆ ಗಂಟಲು ಸರಿಮಾಡಿಕೊಂಡು, "ನಾನೇ ಕೊಡ್ತೀನಿ ಬನ್ನಿ" ಎಂದರು.

ಇಷ್ಟು ಹೇಳಲು ಆ ಮನುಷ್ಯನಿಗೆ ಇಷ್ಟು ವರ್ಷ ಬೇಕಾಯಿತು. ಅದಕ್ಕೆ ನಾನು ಕರಗುವವಳಲ್ಲ.

ಅಕ್ಕ ಮತ್ತೆ ಕೂತಳು. ಗುಂಡಿ ಒತ್ತಿದಳು. ಏಡಿ ಎರಡು ಸಲ ಕೊಂಡಿ ಬೀಸಿತು, ಅವಳು ಕೆಳಗಿನಿಂದ ನುಸುಳಿದಳು. ಮೂರನೆಯ ಸಲ ಅದು ಉರುಳಿಬಿತ್ತು. ಚಿಪ್ಪು ತೆರೆಯಿತು. ಅವಳು ಮುತ್ತನ್ನು ನೋಡುತ್ತ ಬಹಳ ಹೊತ್ತು ಕೂತಳು.

"ಈಗ ಸೇವ್ ಮಾಡೋ" ಎಂದಳು ಮಗನಿಗೆ.

ಗಿರಿ ಓಡಿ ಬಂದ. "ಹೊಸ ಜಾಗ ಮಾಡ್ಕೊಡ್ಲಾ ಅಮ್ಮ? ಇದರಲ್ಲಿ ನಾನ್ ಮುಗಿಸಿದ್ದು ಇದೆ."

"ಅದರ ಮೇಲೇ ಮಾಡು."