ಪಂಪಮ್ಮನ ಹಣಿಗೆ, ನನ್ನ ಸೋಫಾ

ಎದುರು ಮನೆಯ ಪಂಪಮ್ಮ ಕಂಪ್ಲಿಯ ರೈಸ್ ಮಿಲ್ಲಿನಲ್ಲಿ ಕಸ ಹೊಡೆಯುತ್ತಾಳೆ. ತೌಡಿನ ಧೂಳು ಕೂರದಂತೆ ತಲೆಗೆ ಬಟ್ಟೆ ಕಟ್ಟಿಕೊಂಡೇ ಇಪ್ಪತ್ತೆರಡು ವರ್ಷ ಕಳೆದಿದ್ದಾಳೆ. ಒಬ್ಬಳೇ ಮಗಳನ್ನು ಚೋರನೂರಿಗೆ ಕೊಟ್ಟಮೇಲೆ, ಸಂಜೆ ಕಟ್ಟೆಯ ಮೇಲೆ ಕುಳಿತು ಓಣಿಯ ಹುಡುಗಿಯರ ತಲೆ ಬಾಚುವುದೇ ಅವಳ ಕೆಲಸ. ನನ್ನ ಹೇಮಾ ಎಲ್ಲರಿಗಿಂತ ಮೊದಲು ಅವಳ ಮಡಿಲು ಹಿಡಿಯುತ್ತಾಳೆ. ತಾಯಿ ಇಲ್ಲದ ಕೂಸನ್ನು ಎಂಟು ವರ್ಷ ಸಾಕಿದವನು ನಾನು! ಅದನ್ನು ನೋಡಿದಾಗಲೆಲ್ಲ ಹೊಟ್ಟೆಯಲ್ಲಿ ಮೆಣಸಿನಕಾಯಿ ಅರೆದಂತಾಗುತ್ತಿತ್ತು.

ಈ ಸಲ ಶಾಲೆ ತುಂಬ ಹೇನು. ಕೆರೆದು ಕೆರೆದು ಹೇಮಾಳ ಕಿವಿಯ ಹಿಂದೆ ಗಾಯವಾಯಿತು.

“ನಿನ್ನ ತಲಿಯಿಂದನ ಹತ್ತ್ಯಾವ,” ಎಂದು ಪಂಪಮ್ಮನಿಗೆ ಬೈದೆ. ಅವಳು ಬಟ್ಟೆ ಬಿಚ್ಚಿ ತಲೆ ಬಗ್ಗಿಸಿದಳು. “ಹುಡುಕು.” ಒಂದೂ ಸಿಗಲಿಲ್ಲ. ನನ್ನ ಸಿಟ್ಟು ಇಮ್ಮಡಿಯಾಯಿತು.

ನಾನು ಭತ್ತದ ಗದ್ದೆಗೆ ಔಷಧಿ ಹೊಡೆಯುವವನು. ಮಗಳ ಹೇನು ನಾನೇ ಓಡಿಸುತ್ತೇನೆಂದು ಸೋಫಾ, ದಿಂಬು ಅಂಗಳಕ್ಕೆ ಹಾಕಿ, ಔಷಧಿ ಕಲಸಿ, ಪಂಪು ಬೆನ್ನಿಗೇರಿಸಿದೆ. ಪಂಪಮ್ಮ ಕೈಯಲ್ಲಿನ ಹಣಿಗೆ ಸಮೇತ ಓಡಿಬಂದು ಕೊಳವೆ ಹಿಡಿದಳು.

“ಲೇ ಹೊನ್ನೂರಾ, ಬುದ್ಧಿ ಐತೇನ್ಲೇ? ಗದ್ದಿ ಎಣ್ಣಿ ಸೋಫಾಕ್ಕ ಹೊಡಿತೀಯಾ? ನಾಳಿ ಕೂಸು ಅದರ ಮ್ಯಾಗ ಮಕ್ಕೊಂತೈತಿ!”

“ನನ್ನ ಸೋಫಾ, ನನ್ನ ಮಗಳು. ನಿನಗೇನಬೇ?”

“ಹೇನು ಇರಾದು ತಲ್ಯಾಗ, ಸೋಫಾದಾಗ ಅಲ್ಲ. ತಲಿ ಬಿಟ್ಟರ ಎರಡು ದಿನ ಬದುಕಂಗಿಲ್ಲ. ಸೋಫಾ ಒರೆಸಿ ಎರಡು ದಿನ ಕುಂದ್ರಬ್ಯಾಡ್ರಿ. ದಿಂಬಿನ ಕವರು ಕುದಿಯೋ ನೀರಿಗೆ ಹಾಕು.”

ಕೂಸು ಮಲಗುವ ಜಾಗವೆಂಬುದು ನನಗೆ ಹೊಳೆದೇ ಇರಲಿಲ್ಲ. ಪಂಪು ಇಳಿಸಿದೆ. ಆದರೂ ಸೋಲಲು ಮನಸ್ಸಿಲ್ಲ. ಅವಳ ಕೈಯಿಂದ ಸಣ್ಣ ಹಲ್ಲಿನ ಹಣಿಗೆ ಕಸಿದುಕೊಂಡು ಹೇಮಾಳ ತಲೆಗೆ ಹಾಕಿದೆ.

“ಯಪ್ಪಾ, ಹುಲ್ಲು ಕಿತ್ತಂಗ ಕೀಳ್ತೀ! ಪಂಪವ್ವಾ, ನೀನ ಬಾ!”

ಆ ಕೂಗು ಎದೆಗೆ ನಾಟಿತು. ಪಂಪಮ್ಮ ನಗಲಿಲ್ಲ. ಕೂದಲು ಒದ್ದೆ ಮಾಡಿ, ಹುಡುಗಿಯ ಮುಖವನ್ನು ಮಡಿಲಲ್ಲಿಟ್ಟುಕೊಂಡು ನನ್ನ ಮಣಿಕಟ್ಟು ಹಿಡಿದಳು. “ಬುಡದಿಂದ ತುದಿಗೆ ಎಳಿ. ಮೆಲ್ಲಕ. ಬಿಳಿ ಬಟ್ಟಿ ಮ್ಯಾಲ ಒರಸು.”

ಎರಡು ವಾರ ಬಾಚಿದೆವು. ಈಗ ಹೇನಿಲ್ಲ. ಆದರೂ ಸಂಜೆಯಾದರೆ ಹೇಮಾ ಕಟ್ಟೆಗೆ ಓಡುತ್ತಾಳೆ. ನಾನೂ ಹಣಿಗೆ ಹಿಡಿದು ಹಿಂದೆಯೇ ಹೋಗುತ್ತೇನೆ. ಮಡಿಲು ಪಂಪಮ್ಮನದೇ ಇರಲಿ; ಬೈತಲೆಯನ್ನಾದರೂ ನಾನೇ ತೆಗೆಯಬೇಕು.